ಮೆಕ್ಸಿಕೋದ ಸಂಗೀತ ವಿಮರ್ಶೆ ಮತ್ತು ಸಿನಿಮಾ

ಮೆಕ್ಸಿಕೋದಲ್ಲಿ ಸಂಗೀತ ವಿಮರ್ಶೆ ಬರೆದವರಲ್ಲಿ ಮೂರು ಬಗೆಯವರು ಕಾಣುತ್ತಾರೆ: ಪತ್ರಿಕೆಗೆ ಬರೆಯುತ್ತಿದ್ದ ಕವಿಗಳು, ಲೇಖನಿ ಹಿಡಿದ ಸಂಯೋಜಕರು, ಸಿನಿಮಾದ ಕಡೆಯಿಂದ ಬಂದವರು. ಮೊದಲ ಎರಡು ಬಗೆಯವರು ಪಾಶ್ಚಾತ್ಯ ಶಾಸ್ತ್ರೀಯ ಸಂಗೀತ ಇರುವ ಎಲ್ಲ ದೇಶಗಳಲ್ಲೂ ಸಿಗುತ್ತಾರೆ. ಮೂರನೆಯ ಬಗೆಯವರು ಸಂಖ್ಯೆಯಲ್ಲಿ ಕಡಿಮೆ. ನಿರ್ದೇಶಕ ಹೋಮಿ ಗಾರ್ಸಿಯಾ ಅಸ್ಕೋಟ್ (1927–1986) ಮತ್ತು ಸಿನಿಮಾ ಶಿಕ್ಷಣ ಪಡೆದು ‘ಲಾ ಹೋರ್ನಾದಾ’ ದಿನಪತ್ರಿಕೆಯ ಸಂಗೀತ ಅಂಕಣಕಾರರಾದ ಹ್ವಾನ್ ಆರ್ತುರೋ ಬ್ರೆನ್ನನ್ ಇವರಲ್ಲಿ ಮುಖ್ಯರು. ಈ ಬಗೆಯ ವಿಮರ್ಶಕರು ಅಲ್ಲಿ ಹುಟ್ಟಿದ್ದಕ್ಕೆ ಕಾರಣವಿದೆ. ಆ ದೇಶದ ಸಂಗೀತ ಸಭಾಂಗಣಗಳಲ್ಲಿ ಇಂದು ಮತ್ತೆಮತ್ತೆ ಕೇಳಿಬರುವ ವಾದ್ಯವೃಂದ ಕೃತಿಗಳಲ್ಲಿ ಕೆಲವು ಸಿನಿಮಾಕ್ಕೆಂದೇ ಬರೆದವು. ಅವನ್ನು ಕತ್ತರಿಸಿ, ಜೋಡಿಸಿ ವೇದಿಕೆಗೆ ತಂದವರು ಬೇರೆಯವರು. ಸಂಕಲನದ ಕೋಣೆಯಲ್ಲಿ ಏನು ನಡೆಯುತ್ತದೆಂದು ತಿಳಿಯದ ವಿಮರ್ಶಕ ಇಂಥ ಕೃತಿಯನ್ನು ಅರ್ಧ ಮಾತ್ರ ಕೇಳಿಸಿಕೊಂಡಿರುತ್ತಾನೆ.

ಕವಿಗಳ ಕಾಲ

ಲುಮಿಯೇರ್ ಕಂಪನಿಯ ಪ್ರತಿನಿಧಿಗಳು 1896ರ ಆಗಸ್ಟ್‌ನಲ್ಲಿ ಚಾಪುಲ್ತೆಪೆಕ್ ಅರಮನೆಯಲ್ಲಿ ಅಧ್ಯಕ್ಷ ಪೋರ್ಫಿರಿಯೊ ದೀಯಾಸ್‌ಗೆ ಚಲಿಸುವ ಚಿತ್ರ ತೋರಿಸಿದರು. ಆ ಹೊತ್ತಿಗೆ ಮೆಕ್ಸಿಕೋ ನಗರದ ಪತ್ರಿಕೆಗಳಲ್ಲಿ ಸಂಗೀತದ ಬರವಣಿಗೆ ಬೇರೂರಿತ್ತು. ಕವಿ ಮಾನುಯೆಲ್ ಗುತಿಯೆರ್ರೆಸ್ ನಾಹೆರಾ (1859–1895) ಆಪೆರಾ ಮತ್ತು ರಂಗಭೂಮಿಯ ಸಂಜೆಗಳನ್ನು ಕುರಿತು ಅದಕ್ಕೂ ಮೊದಲೇ ಬರೆದಿದ್ದ. ಅವನ ಬರಹದಲ್ಲಿ ಗಾಯಕಿಯ ಕಂಠಕ್ಕೂ ಪ್ರೇಕ್ಷಕರ ಉಡುಗೆಗೂ ಹೆಚ್ಚು ಕಡಿಮೆ ಸಮಾನ ಜಾಗ. ಸಂಯೋಜಕ ಗುಸ್ತಾವೊ ಕಾಂಪಾ ತನ್ನ ವಿಮರ್ಶೆಗಳನ್ನು 1911ರಲ್ಲಿ ಪುಸ್ತಕವಾಗಿ ಹೊರತಂದ. ಪಿಯಾನೋ ವಾದಕಿ ಆಲ್ಬಾ ಎರ್ರೆರಾ ಇ ಓಗಾಸೋನ್ 1917ರಲ್ಲಿ ಮೆಕ್ಸಿಕೋದ ಸಂಗೀತ ಕಲೆಯ ಬಗ್ಗೆ ಗ್ರಂಥ ಬರೆದಳು. ಇವರೆಲ್ಲರ ಮಾನದಂಡ ಯುರೋಪಿನದು. ಊರ ಬೀದಿಯಲ್ಲಿ ಕೇಳಿಬರುತ್ತಿದ್ದ ಸಂಗೀತಕ್ಕೆ ಈ ಅಂಕಣಗಳಲ್ಲಿ ಹೆಚ್ಚು ಎಡೆಯಿರಲಿಲ್ಲ. ಮೂಕಚಿತ್ರದ ಪರದೆಯ ಕೆಳಗೆ ಕೂತು ನುಡಿಸುತ್ತಿದ್ದವರಿಗಂತೂ ಇಲ್ಲವೇ ಇಲ್ಲ.

ಆದರೆ ಆ ಪರದೆಯ ಕೆಳಗೇ ಮುಂದಿನ ಪೀಳಿಗೆ ತರಬೇತಾಗುತ್ತಿತ್ತು. ಡುರಾಂಗೋ ಪ್ರಾಂತದ ಸಾಂತಿಯಾಗೊ ಪಾಪಾಸ್ಕಿಯಾರೋದಲ್ಲಿ 1899ರ ಡಿಸೆಂಬರ್ 31ರಂದು ಹುಟ್ಟಿದ ಸಿಲ್ವೆಸ್ತ್ರೆ ರೆವ್ವೆಲ್ತಾಸ್ ಆಸ್ಟಿನ್ ಮತ್ತು ಶಿಕಾಗೋಗಳಲ್ಲಿ ಪಿಟೀಲು ಕಲಿತ. 1920ರ ದಶಕದ ಕೊನೆಯಲ್ಲಿ ಟೆಕ್ಸಸ್‌ನ ಸ್ಯಾನ್ ಆಂಟೋನಿಯೋ ಮತ್ತು ಅಲಬಾಮದ ಮೊಬೀಲ್ ಊರುಗಳ ಚಿತ್ರಮಂದಿರಗಳ ವಾದ್ಯತಂಡಗಳಲ್ಲಿ ದುಡಿದ. ಪರದೆಯ ಮೇಲೆ ದೃಶ್ಯ ಬದಲಾದೊಡನೆ ನುಡಿಸುತ್ತಿರುವುದನ್ನು ಅಲ್ಲಿಗೇ ಬಿಟ್ಟು ಇನ್ನೊಂದಕ್ಕೆ ಹಾರುವುದು ಆ ನೌಕರಿಯ ದಿನಚರಿ. ಅವನ ಪ್ರೌಢ ಕೃತಿಗಳಲ್ಲಿ ಒಂದು ಸ್ವರಗುಚ್ಛ ಇನ್ನೊಂದಕ್ಕೆ ಸೇತುವೆಯಿಲ್ಲದೆ ತಾಗಿ ನಿಲ್ಲುವುದನ್ನು ಕೇಳಿದವರಿಗೆ ಆ ನೌಕರಿ ನೆನಪಾಗದೆ ಇರದು.

ಚಾವೆಸ್: ಅಧಿಕಾರಿ, ಸಂಯೋಜಕ, ಅಂಕಣಕಾರ

ಕಾರ್ಲೋಸ್ ಚಾವೆಸ್ (1899–1978) 1928ರಿಂದ ಎರಡು ದಶಕ ಮೆಕ್ಸಿಕೋ ಸಿಂಫನಿ ವಾದ್ಯವೃಂದವನ್ನು ನಡೆಸಿದ, ‘ಎಲ್ ಯೂನಿವರ್ಸಾಲ್’ ಪತ್ರಿಕೆಗೆ ಬರೆದ, ಸರ್ಕಾರದ ಲಲಿತಕಲಾ ಇಲಾಖೆಯನ್ನು ನಡೆಸಿದ, ರಾಷ್ಟ್ರೀಯ ಲಲಿತಕಲಾ ಸಂಸ್ಥೆಯ ಮೊದಲ ನಿರ್ದೇಶಕನೂ ಆದ. ಒಬ್ಬನೇ ಮನುಷ್ಯ ಸಂಗೀತ ಬರೆಯುವವನೂ ನುಡಿಸುವವನೂ ಅನುದಾನ ಕೊಡುವವನೂ ಆಗಿ, ಆಮೇಲೆ ಪತ್ರಿಕೆಯಲ್ಲಿ ಅದರ ಬಗ್ಗೆ ತೀರ್ಪು ಕೊಡುವವನೂ ಆಗಿದ್ದುದು ಆರೋಗ್ಯಕರ ವ್ಯವಸ್ಥೆಯೇನಲ್ಲ. ಚಾವೆಸ್‌ನ ವಿರೋಧಿಗಳು ಇದನ್ನು ಹೇಳುತ್ತಲೇ ಇದ್ದರು. ಆದರೂ ಸಿನಿಮಾವನ್ನು ಸಂಗೀತದ ಮುಖ್ಯ ಪ್ರಶ್ನೆಯೆಂದು ಗಂಭೀರವಾಗಿ ತೆಗೆದುಕೊಂಡ ಮೆಕ್ಸಿಕೋದ ಮೊದಲಿಗರಲ್ಲಿ ಅವನೊಬ್ಬ. 1937ರಲ್ಲಿ ನ್ಯೂಯಾರ್ಕ್‌ನಲ್ಲಿ ಪ್ರಕಟವಾದ ಅವನ ‘ಹೊಸ ಸಂಗೀತದತ್ತ’ ಎಂಬ ಪುಸ್ತಕ ವಿದ್ಯುತ್ತು ಸಂಗೀತಕ್ಕೆ ಏನು ಮಾಡುತ್ತದೆ ಎಂಬುದನ್ನು ಚರ್ಚಿಸುತ್ತದೆ. ಧ್ವನಿಮುದ್ರಣ, ರೇಡಿಯೋಗಳ ಜೊತೆಗೆ ವಾಕ್ಚಿತ್ರಕ್ಕೂ ಅಲ್ಲಿ ಒಂದು ಅಧ್ಯಾಯವಿದೆ.

ಆ ಪುಸ್ತಕದ ಹಿಂದೆ ಒಂದು ಪ್ರಯೋಗವಿತ್ತು. ಅಮೆರಿಕದ ಛಾಯಾಗ್ರಾಹಕ ಪಾಲ್ ಸ್ಟ್ರಾಂಡ್ 1932ರ ಕೊನೆಯಲ್ಲಿ ಚಾವೆಸ್‌ನ ಆಹ್ವಾನದ ಮೇಲೆ ಮೆಕ್ಸಿಕೋಗೆ ಬಂದ. ಶಿಕ್ಷಣ ಇಲಾಖೆಯ ಹಣದಿಂದ ಜನಸಾಮಾನ್ಯರ ಬದುಕಿನ ಚಿತ್ರವೊಂದನ್ನು ಮಾಡುವುದೆಂದಾಯಿತು. ಅದೇ ‘ರೇದೆಸ್’, ಅಂದರೆ ಬಲೆಗಳು.

ರೇದೆಸ್

1934ರಲ್ಲಿ ವೆರಾಕ್ರೂಸ್ ಕರಾವಳಿಯ ಆಲ್ವಾರಾದೋದಲ್ಲಿ ಚಿತ್ರೀಕರಣ ನಡೆಯಿತು. ನಿರ್ದೇಶಕರು ಇಬ್ಬರು: ಮುಂದೆ ಹಾಲಿವುಡ್‌ನಲ್ಲಿ ಹೆಸರು ಮಾಡಿದ ಫ್ರೆಡ್ ಜಿನ್ನೆಮನ್ ಮತ್ತು ಎಮಿಲಿಯೊ ಗೋಮೆಸ್ ಮುರಿಯೆಲ್. ಪಾತ್ರ ಮಾಡಿದವರಲ್ಲಿ ಹೆಚ್ಚಿನವರು ಅಲ್ಲಿನ ಮೀನುಗಾರರೇ. ಔಷಧಕ್ಕೆ ಹಣವಿಲ್ಲದೆ ಮಗುವನ್ನು ಕಳೆದುಕೊಂಡ ಮೀರೋ ಎಂಬ ಮೀನುಗಾರ ಸಗಟು ವ್ಯಾಪಾರಿಯ ವಿರುದ್ಧ ಜೊತೆಗಾರರನ್ನು ಒಗ್ಗೂಡಿಸುತ್ತಾನೆ, ಗುಂಡೇಟಿಗೆ ಬಲಿಯಾಗುತ್ತಾನೆ, ಅವನ ಹೆಣವನ್ನು ದೋಣಿಯಲ್ಲಿಟ್ಟುಕೊಂಡು ಊರಿನವರು ಹುಟ್ಟು ಹಾಕುತ್ತಾ ಸಾಗುತ್ತಾರೆ. ಇಷ್ಟೇ ಕಥೆ. ಒಂದು ಗಂಟೆಗಿಂತ ತುಸು ಹೆಚ್ಚು ಅವಧಿಯ ಈ ಚಿತ್ರ 1936ರಲ್ಲಿ ತೆರೆ ಕಂಡಿತು.

ಸಂಗೀತವನ್ನು ಚಾವೆಸ್ ತಾನೇ ಬರೆಯಬೇಕೆಂದಿದ್ದ. ಅಷ್ಟರಲ್ಲಿ ಸರ್ಕಾರ ಬದಲಾಗಿ ಅವನ ಹುದ್ದೆ ಹೋಯಿತು. ಕೆಲಸ ರೆವ್ವೆಲ್ತಾಸ್‌ಗೆ ಬಂತು. ಅಲ್ಲಿಯವರೆಗೆ ರೆವ್ವೆಲ್ತಾಸ್ ಚಾವೆಸ್‌ನ ಸಹಾಯಕ ವೃಂದ ನಿರ್ದೇಶಕ. ಇಬ್ಬರ ಸಂಬಂಧ ಕೆಡಲು ಈ ಚಿತ್ರವೂ ಒಂದು ಕಾರಣವಾಯಿತು. ಮೆಕ್ಸಿಕೋದ ಸಂಗೀತ ಚರಿತ್ರೆಯಲ್ಲಿ ಚಾವೆಸ್ ಪಕ್ಷ, ರೆವ್ವೆಲ್ತಾಸ್ ಪಕ್ಷ ಎಂಬ ಒಡಕು ಇಂದಿಗೂ ಪೂರ್ತಿ ಮಾಯವಾಗಿಲ್ಲ. ಅದರ ಒಂದು ಬೇರು ಸಂಗೀತದ ಸಿದ್ಧಾಂತಗಳಿಗಿಂತ ಹೆಚ್ಚಾಗಿ ಒಂದು ಸಿನಿಮಾದ ಗುತ್ತಿಗೆಯಲ್ಲಿದೆ ಎನ್ನುವುದನ್ನು ಸಂಗೀತಗಾರ ವಿಮರ್ಶಕರು ಸಂಕೋಚದಿಂದಲೇ ಬರೆಯುತ್ತಾರೆ.

ಮಗುವಿನ ಶವಸಂಸ್ಕಾರದ ದೃಶ್ಯವನ್ನು ಹತ್ತಿರದಿಂದ ನೋಡಬೇಕು. ಸ್ಟ್ರಾಂಡ್ ಮೂಲತಃ ಸ್ಥಿರಚಿತ್ರಗಾರ. ಅವನ ಚೌಕಟ್ಟುಗಳು ಹೆಚ್ಚು ಅಲುಗಾಡುವುದಿಲ್ಲ: ಆಕಾಶಕ್ಕೆ ಎದುರಾಗಿ ನಿಂತ ಮುಖಗಳು, ಗುದ್ದಲಿ, ಮಣ್ಣು. ದೃಶ್ಯದೊಳಗೆ ಚಲನೆ ಕಡಿಮೆಯಾದ್ದರಿಂದ ಅದನ್ನು ಒದಗಿಸುವ ಭಾರ ಸಂಗೀತದ ಮೇಲೆ ಬೀಳುತ್ತದೆ. ರೆವ್ವೆಲ್ತಾಸ್ ಗೋಳಾಟವನ್ನು ಬರೆಯಲು ಹೋಗುವುದಿಲ್ಲ. ತಂತಿವಾದ್ಯಗಳು ಒಂದೇ ಕಡೆ ನಿಂತು ಗಟ್ಟಿಯಾಗುತ್ತಾ ಹೋಗುತ್ತವೆ. ದುಃಖ ಸಿಟ್ಟಾಗುತ್ತಿರುವುದು ಕಣ್ಣಿಗೆ ಬೀಳುವ ಮೊದಲೇ ಕಿವಿಗೆ ಗೊತ್ತಾಗುತ್ತದೆ. ಅಮೆರಿಕದ ಸಂಯೋಜಕ ಏರನ್ ಕೋಪ್ಲಂಡ್ 1937ರಲ್ಲಿ ‘ನ್ಯೂಯಾರ್ಕ್ ಟೈಮ್ಸ್’ಗೆ ರೆವ್ವೆಲ್ತಾಸ್ ಬಗ್ಗೆ ಬರೆದದ್ದು ಈ ಚಿತ್ರದ ನೆಪದಲ್ಲೇ. ಮೆಕ್ಸಿಕೋದ ಸಂಯೋಜಕನೊಬ್ಬ ಹೊರದೇಶದ ಸಂಗೀತ ಪ್ರೇಮಿಗಳ ಗಮನಕ್ಕೆ ಬಂದದ್ದು ಚಿತ್ರಮಂದಿರದ ಬಾಗಿಲಿನಿಂದ.

1943ರಲ್ಲಿ ವೃಂದ ನಿರ್ದೇಶಕ ಎರಿಕ್ ಕ್ಲೈಬರ್ ಈ ಸಂಗೀತವನ್ನು ಎರಡು ಭಾಗಗಳ ಮಾಲಿಕೆಯಾಗಿ ಜೋಡಿಸಿದ. ಸಭಾಂಗಣಗಳಲ್ಲಿ ‘ರೇದೆಸ್’ ಎಂದು ನುಡಿಸುವುದು ಸಾಮಾನ್ಯವಾಗಿ ಇದನ್ನೇ. ಚಿತ್ರದ ಪ್ರತಿ ಬಹುಕಾಲ ಹದಗೆಟ್ಟ ಸ್ಥಿತಿಯಲ್ಲಿತ್ತು. ಮಾರ್ಟಿನ್ ಸ್ಕಾರ್ಸೆಸೆ ಆರಂಭಿಸಿದ ವಿಶ್ವ ಸಿನಿಮಾ ಯೋಜನೆಯಡಿ 2009ರಲ್ಲಿ ಅದನ್ನು ಪುನರುದ್ಧಾರ ಮಾಡಿದ ಮೇಲೆ ಸಂಗೀತವನ್ನೂ ಚಿತ್ರವನ್ನೂ ಪಕ್ಕಪಕ್ಕದಲ್ಲಿಟ್ಟು ನೋಡುವುದು ಸಾಧ್ಯವಾಯಿತು.

ಪಿಯಾನೋ ಮುಂದೆ ಕೂತ ಸಂಯೋಜಕ

1936ರಲ್ಲಿ ಫೆರ್ನಾಂದೊ ದೆ ಫುಯೆಂತೆಸ್ ಎರಡು ಚಿತ್ರ ಮಾಡಿದ. ಒಂದು ‘ವಾಮೊನೋಸ್ ಕೊನ್ ಪಾಂಚೊ ವಿಲ್ಲಾ’: ಕ್ರಾಂತಿಯ ಸೇನೆಗೆ ಸೇರಿದ ಹಳ್ಳಿಗರು ಒಬ್ಬೊಬ್ಬರಾಗಿ ಸಾಯುವ ಕಥೆ, ಸಂಗೀತ ರೆವ್ವೆಲ್ತಾಸ್‌ನದು. ಹಣ ಮಾಡುವುದರಲ್ಲಿ ಸೋತಿತು. ಇನ್ನೊಂದು ‘ಆಲ್ಯಾ ಎನ್ ಎಲ್ ರಾಂಚೊ ಗ್ರಾಂದೆ’: ಕುದುರೆ, ಜಮೀನ್ದಾರಿ, ತೀತೊ ಗೀಸಾರ್‌ನ ಹಾಡು. ಇಡೀ ಸ್ಪ್ಯಾನಿಷ್ ನಾಡುಗಳಲ್ಲಿ ಗೆದ್ದಿತು. ಛಾಯಾಗ್ರಾಹಕ ಗಾಬ್ರಿಯೆಲ್ ಫಿಗೆರೋವಾಗೆ ವೆನಿಸ್‌ನಲ್ಲಿ ಪ್ರಶಸ್ತಿ ತಂದಿತು. ಮೆಕ್ಸಿಕೋದ ಚಿತ್ರೋದ್ಯಮ ಮುಂದೆ ಯಾವ ದಾರಿ ಹಿಡಿಯಿತೆಂದು ಬೇರೆ ಹೇಳಬೇಕಿಲ್ಲ. ಹಾಡಿನ ಚಿತ್ರಗಳ ಬುನಾದಿ ಅದಕ್ಕೂ ಮೊದಲೇ, 1932ರ ‘ಸಾಂತಾ’ ಎಂಬ ವಾಕ್ಚಿತ್ರಕ್ಕೆ ಆಗುಸ್ತಿನ್ ಲಾರಾ ಹಾಡು ಬರೆದಾಗ ಬಿದ್ದಿತ್ತು.

ಪಾಂಚೊ ವಿಲ್ಲಾ ಚಿತ್ರದ ಒಂದು ದೃಶ್ಯದಲ್ಲಿ ರೆವ್ವೆಲ್ತಾಸ್ ತಾನೇ ಕಾಣಿಸಿಕೊಳ್ಳುತ್ತಾನೆ. ಹೆಂಡದಂಗಡಿಯ ಪಿಯಾನೋ ಮುಂದೆ ದಪ್ಪ ದೇಹದ, ಕೆದರಿದ ಕೂದಲಿನ ಮನುಷ್ಯ. ಪಿಯಾನೋ ವಾದಕನಿಗೆ ಗುಂಡು ಹಾರಿಸಬೇಡಿರೆಂದು ಗಿರಾಕಿಗಳನ್ನು ಬೇಡಿಕೊಳ್ಳುವ ಫಲಕವೂ ಅಲ್ಲಿದೆ. ಇದನ್ನು ಸಂಯೋಜಕ ತನ್ನನ್ನೇ ಗೇಲಿ ಮಾಡಿಕೊಂಡ ತಮಾಷೆ ಎಂದು ನೋಡಿ ನಗಬಹುದು. ಆ ಕಾಲದ ಸಂಗೀತಗಾರನಿಗೆ ಸ್ಟುಡಿಯೋದಲ್ಲಿ ಸಿಗುತ್ತಿದ್ದ ಸ್ಥಾನಮಾನದ ಚಿತ್ರವೆಂದೂ ನೋಡಬಹುದು. ರೆವ್ವೆಲ್ತಾಸ್ ಹಾಸ್ಯಪ್ರಿಯ, ಎರಡೂ ಅವನ ಮನಸ್ಸಿನಲ್ಲಿ ಇದ್ದಿರಲಿಕ್ಕೆ ಸಾಕು. ಕಾಂತಿಂಫ್ಲಾಸ್ ನಟಿಸಿದ ‘ಎಲ್ ಸಿಗ್ನೊ ದೆ ಲಾ ಮುಯೆರ್ತೆ’ (1939) ಚಿತ್ರಕ್ಕೂ ಹೊಟ್ಟೆಪಾಡಿಗಾಗಿ ಸಂಗೀತ ಒದಗಿಸಿದವನು ಅವನು. ಬಾಹಾ ಕ್ಯಾಲಿಫೋರ್ನಿಯಾದ ರೈಲುಮಾರ್ಗದ ಸಾಕ್ಷ್ಯಚಿತ್ರಕ್ಕೆ ಬರೆದ ಸಂಗೀತವನ್ನು 1938ರಲ್ಲಿ ಹರಟೆ ಹೊಡೆಯುವಾಗ ಕೇಳುವ ಸಂಗೀತ ಎಂಬರ್ಥದ ಹೆಸರಿಟ್ಟು ವೇದಿಕೆಗೆ ತಂದ. ಸಭಾಂಗಣದ ಗಾಂಭೀರ್ಯವನ್ನು ಇದಕ್ಕಿಂತ ಮೆತ್ತಗೆ ಚುಚ್ಚುವುದು ಕಷ್ಟ. 1940ರ ಅಕ್ಟೋಬರ್ 5ರಂದು, ನಲವತ್ತರ ಪ್ರಾಯದಲ್ಲಿ, ನ್ಯುಮೋನಿಯಾದಿಂದ ತೀರಿಕೊಂಡ.

ಮಾಯಾ ರಾತ್ರಿಯ ಪ್ರಕರಣ

ಸಂಗೀತ ವಿಮರ್ಶಕನಿಗೆ ಸಿನಿಮಾದ ಅರಿವು ಏಕೆ ಬೇಕು ಎಂಬುದಕ್ಕೆ ‘ಲಾ ನೋಚೆ ದೆ ಲೋಸ್ ಮಾಯಾಸ್’, ಅಂದರೆ ಮಾಯಾ ಜನರ ರಾತ್ರಿ, ಅತ್ಯುತ್ತಮ ಪಾಠ. ಚಾನೊ ಉರುಯೆತಾ 1939ರಲ್ಲಿ ನಿರ್ದೇಶಿಸಿದ ಈ ಚಿತ್ರ ಯುಕಾತಾನ್‌ನ ಕಾಡಿನಲ್ಲಿ ಹೊರಜಗತ್ತಿನ ಸೋಂಕಿಲ್ಲದೆ ಬದುಕಿರುವ ಮಾಯಾ ಬುಡಕಟ್ಟಿನೊಳಕ್ಕೆ ಬಿಳಿಯನೊಬ್ಬ ಬರುವ ಕಥೆ. ಫಿಗೆರೋವಾನ ಛಾಯಾಗ್ರಹಣ ಬಿಟ್ಟರೆ ಚಿತ್ರದಲ್ಲಿ ಇಂದು ಹೆಚ್ಚೇನೂ ಉಳಿದಿಲ್ಲ. ಪಾತ್ರಗಳು ಕಲ್ಲಿನ ವಿಗ್ರಹಗಳಂತೆ ನಿಂತು ಮಾತಾಡುತ್ತವೆ.

ಚಿತ್ರ ಮರೆಯಾಯಿತು, ಸಂಗೀತ ಉಳಿಯಿತು. ಜರ್ಮನ್ ಸಂಯೋಜಕ ಪಾಲ್ ಹಿಂಡೆಮಿತ್ ಅದರಿಂದ ಎರಡು ಭಾಗಗಳ ಮಾಲಿಕೆಯನ್ನು ತೆಗೆದ. ಅದು ಅಷ್ಟಾಗಿ ಓಡಲಿಲ್ಲ. ಆಮೇಲೆ ವೃಂದ ನಿರ್ದೇಶಕ ಹೋಸೆ ಇವ್ ಲಿಮಾಂತೂರ್ ನಾಲ್ಕು ಭಾಗಗಳ, ಸುಮಾರು ಅರ್ಧ ಗಂಟೆಯ ರೂಪವೊಂದನ್ನು ಸಿದ್ಧಪಡಿಸಿ 1961ರಲ್ಲಿ ಗುವಾದಲಹಾರಾದಲ್ಲಿ ನುಡಿಸಿದ. ಲೋಕ ಮೆಚ್ಚಿದ್ದು ಇದನ್ನು. ಲಾಸ್ ಏಂಜಲೀಸ್ ಫಿಲ್ಹಾರ್ಮೋನಿಕ್ ಜೊತೆ ಎಸಾ-ಪೆಕ್ಕಾ ಸಾಲೊನೆನ್ ಇದನ್ನು ಧ್ವನಿಮುದ್ರಿಸಿದ; ಗುಸ್ತಾವೊ ದುದಾಮೆಲ್ ಊರೂರಿನಲ್ಲಿ ನುಡಿಸಿದ.

ಕೊನೆಯ ಭಾಗ, ಮಾಂತ್ರಿಕ ರಾತ್ರಿ, ಕೇಳುಗರನ್ನು ಕುರ್ಚಿಯ ತುದಿಗೆ ತರುತ್ತದೆ. ಹನ್ನೆರಡರಷ್ಟು ತಾಳವಾದ್ಯಗಾರರು ವೇದಿಕೆಯ ಹಿಂಬದಿಯಲ್ಲಿ ಸಾಲಾಗಿ ನಿಂತಿರುತ್ತಾರೆ. ಟೊಳ್ಳು ಮರದ ಕಾಂಡಕ್ಕೆ ಚರ್ಮ ಬಿಗಿದ ವೆವೆತ್ಲ್ ಎಂಬ ನಿಲುವು ಡೋಲು, ಗೀರು ಹಾಕಿದ ಸೋರೆಬುರುಡೆಯನ್ನು ಕಡ್ಡಿಯಿಂದ ಕೆರೆಯುವ ಗೂಯಿರೊ, ಗಿಲಕಿಗಳು, ಶಂಖ. ವಾದ್ಯವೃಂದದ ಉಳಿದವರು ಸುಮ್ಮನಾಗಿ ತಾಳವಾದ್ಯಗಳು ಮಾತ್ರ ಉಳಿದಾಗ ಲಯದ ಮೇಲೆ ಲಯ ಏರುತ್ತದೆ. ಸಭಾಂಗಣ ಕುಣಿಯಬೇಕೋ ಹೆದರಬೇಕೋ ತಿಳಿಯದೆ ಕೂರುತ್ತದೆ. ರೆವ್ವೆಲ್ತಾಸ್‌ನ ಶಕ್ತಿ ಇದೇ ಎಂದು ವಿಮರ್ಶಕರು ಬಹುಕಾಲ ಬರೆದರು. ತಾಳವಾದ್ಯಗಳ ಆ ದೀರ್ಘ ಭಾಗ ಮಾತ್ರ ರೆವ್ವೆಲ್ತಾಸ್‌ನದಲ್ಲ, ಲಿಮಾಂತೂರನ ಸೇರ್ಪಡೆ. ಭಾಗಗಳ ಕ್ರಮ, ಪುನರಾವರ್ತನೆಗಳು, ನಾಲ್ಕು ಭಾಗಗಳ ಸಿಂಫನಿಯಂಥ ಆಕಾರ ಕೂಡ ಅವನವೇ.

ಇಲ್ಲಿ ವಿಮರ್ಶಕರು ಎರಡು ಗುಂಪಾಗುತ್ತಾರೆ. ಮೂಲ ಸ್ವರಲಿಪಿಗೆ ನಿಷ್ಠರಾದವರು ಇದನ್ನು ಅಪಚಾರವೆನ್ನುತ್ತಾರೆ. ಓಬೋ ವಾದಕನೂ ಸಂಶೋಧಕನೂ ಆದ ರೊಬೆರ್ತೊ ಕೋಲ್ಬ್ ರೆವ್ವೆಲ್ತಾಸ್‌ನ ಕೃತಿಸೂಚಿಯನ್ನು ಸಿದ್ಧಪಡಿಸಿ, ಜಾನಪದ ಬಣ್ಣದ ರಾಷ್ಟ್ರೀಯವಾದಿ ಎಂಬ ಜನಪ್ರಿಯ ಚಿತ್ರದಿಂದ ಸಂಯೋಜಕನನ್ನು ಬಿಡಿಸಲು ವರ್ಷಗಟ್ಟಲೆ ದುಡಿದಿದ್ದಾರೆ. ಆ ಜನಪ್ರಿಯ ಚಿತ್ರಕ್ಕೆ ಈ ಮಾಲಿಕೆ ಕೊಟ್ಟಷ್ಟು ಬಣ್ಣವನ್ನು ಇನ್ನಾವುದೂ ಕೊಟ್ಟಿಲ್ಲ. ಸಿನಿಮಾದ ಕಡೆಯಿಂದ ನೋಡುವವರಿಗೆ ವಿಷಯ ಬೇರೆಯಾಗಿ ಕಾಣುತ್ತದೆ. ಚಿತ್ರಸಂಗೀತ ಎಂದೂ ಮುಗಿದ ವಸ್ತುವಾಗಿ ಹುಟ್ಟುವುದಿಲ್ಲ. ಸಂಕಲನಕಾರ ಎರಡು ನಿಮಿಷ ಬೇಕೆಂದರೆ ಎರಡು, ದೃಶ್ಯ ಕತ್ತರಿಸಿದರೆ ಒಂದೂವರೆ. ಸಂಭಾಷಣೆಯ ಕೆಳಗೆ ಅರ್ಧ ಮುಳುಗಿಯೂ ಹೋಗಬಹುದು. ಹಾಗಿರುವಾಗ ಲಿಮಾಂತೂರನನ್ನು ಎರಡನೆಯ ಸಂಕಲನಕಾರನೆಂದು ಒಪ್ಪಿಕೊಳ್ಳುವುದು ನ್ಯಾಯ. ತಪ್ಪಿರುವುದು ಅವನು ಮಾಡಿದ ಕೆಲಸದಲ್ಲಿ ಅಲ್ಲ. ಫಲಕದಲ್ಲಿ, ಧ್ವನಿಮುದ್ರಿಕೆಯ ಹೊದಿಕೆಯಲ್ಲಿ, ವಿಮರ್ಶೆಯಲ್ಲಿ ಅವನ ಹೆಸರನ್ನು ಸಣ್ಣಕ್ಷರಕ್ಕೆ ಇಳಿಸುವುದರಲ್ಲಿ.

ವಲಸೆ ಬಂದ ವಿಮರ್ಶಕರು

ಸ್ಪೇನಿನ ಅಂತರ್ಯುದ್ಧದಲ್ಲಿ ಗಣತಂತ್ರ ಸೋತಾಗ ಮೆಕ್ಸಿಕೋ ಸಾವಿರಾರು ನಿರಾಶ್ರಿತರಿಗೆ ಬಾಗಿಲು ತೆರೆಯಿತು. ಅವರೊಡನೆ ವೃತ್ತಿಪರ ಸಂಗೀತ ವಿಮರ್ಶೆಯೂ ಬಂತು. ಮ್ಯಾಡ್ರಿಡ್‌ನ ‘ಎಲ್ ಸೋಲ್’ ಪತ್ರಿಕೆಯ ವಿಮರ್ಶಕನಾಗಿ ಹೆಸರಾಗಿದ್ದ ಆದೊಲ್ಫೊ ಸಾಲಾಸಾರ್ (1890–1958) 1939ರಲ್ಲಿ ಬಂದು ಮೆಕ್ಸಿಕೋ ನಗರದಲ್ಲೇ ಕೊನೆಯುಸಿರೆಳೆದ. ಬಾರ್ಸಿಲೋನಾದಲ್ಲಿ ಹುಟ್ಟಿ ಜರ್ಮನಿಯಲ್ಲಿ ಓದಿದ ಓಟ್ಟೊ ಮಾಯರ್-ಸೆರ್ರಾ ಬಂದ ಸ್ವಲ್ಪ ಕಾಲದಲ್ಲೇ, 1941ರಲ್ಲಿ, ಮೆಕ್ಸಿಕೋ ಸಂಗೀತದ ಸಮಗ್ರ ನೋಟ ಕೊಡುವ ಗ್ರಂಥ ಹೊರತಂದ. ಹೊರಗಿನಿಂದ ಬಂದವನಿಗೆ ಆ ಧೈರ್ಯ ಇದ್ದೀತು. ಊರಿನವರು ಪಕ್ಷ ಕಟ್ಟಿಕೊಂಡು ಕೂತಿದ್ದರು. ಹೆಸೂಸ್ ಬಾಲ್ ಇ ಗಾಯ್, ರೊದೋಲ್ಫೊ ಹಾಲ್ಫ್‌ಟರ್ ಮುಂತಾದವರು 1946ರಲ್ಲಿ ಆರಂಭವಾದ ‘ನುಯೆಸ್ತ್ರಾ ಮೂಸಿಕಾ’ ಪತ್ರಿಕೆಗೆ ದುಡಿದರು.

ಹಾಲ್ಫ್‌ಟರ್ ಹೆಸರು ಸಿನಿಮಾ ಚರಿತ್ರೆಯಲ್ಲೂ ಇದೆ. ಲೂಯಿಸ್ ಬುನ್ಯುಯೆಲ್‌ನ ‘ಲೋಸ್ ಒಲ್ವಿದಾದೋಸ್’ (1950) ಚಿತ್ರಕ್ಕೆ ಗುಸ್ತಾವೊ ಪಿಟ್ಟಲೂಗಾನ ಸ್ವರವಸ್ತುಗಳನ್ನು ವಾದ್ಯವೃಂದಕ್ಕೆ ಅಳವಡಿಸಿದವನು ಅವನು. ಬುನ್ಯುಯೆಲ್‌ಗೆ ಹಿನ್ನೆಲೆ ಸಂಗೀತದ ಮೇಲೆ ಹೆಚ್ಚು ನಂಬಿಕೆಯಿರಲಿಲ್ಲ. ‘ನಾಸಾರಿನ್’ (1959) ಚಿತ್ರವನ್ನು ಸಂಗೀತವಿಲ್ಲದೆ ನಡೆಸಿಕೊಂಡು ಹೋಗಿ, ಕೊನೆಯಲ್ಲಿ ತನ್ನ ಹುಟ್ಟೂರು ಕಲಾಂದಾದ ಡೋಲುಗಳನ್ನು ಮಾತ್ರ ಬಾರಿಸುತ್ತಾನೆ. ‘ಎಲ್ ಆಂಹೆಲ್ ಎಕ್ಸ್‌ತೆರ್ಮಿನಾದೊರ್’ (1962) ಚಿತ್ರದಲ್ಲಿ ಔತಣಕ್ಕೆ ಬಂದ ಅತಿಥಿಗಳು ಕಾರಣವಿಲ್ಲದೆ ಒಂದು ಕೋಣೆಯಲ್ಲಿ ಸಿಕ್ಕಿಬೀಳುತ್ತಾರೆ. ಮೊದಲ ರಾತ್ರಿ ಅವರಲ್ಲೊಬ್ಬಳು ಪಿಯಾನೋದಲ್ಲಿ ಪಾರಾದೀಸಿ ಎಂಬ ಸಂಯೋಜಕನ ಸೊನಾಟಾ ನುಡಿಸಿರುತ್ತಾಳೆ. ದಿನಗಳು ಕಳೆದ ಮೇಲೆ ಎಲ್ಲರೂ ಅಂದಿನಂತೆಯೇ ನಿಂತು, ಅವಳು ಅದನ್ನೇ ಮತ್ತೆ ನುಡಿಸಿ ಮುಗಿಸಿ, ಅಂದಿನ ಮಾತುಗಳನ್ನೇ ಆಡಿದಾಗ ಬಿಡುಗಡೆಯಾಗುತ್ತದೆ. ಚಿತ್ರಸಂಗೀತವೆಂದರೆ ಭಾವಕ್ಕೆ ಬಳಿಯುವ ಬಣ್ಣ ಎಂದುಕೊಂಡಿದ್ದ ಸಂಗೀತ ವಿಮರ್ಶಕರಿಗೆ ಈ ದೃಶ್ಯದಲ್ಲಿ ಬರೆಯಲು ಏನೂ ಸಿಗಲಿಲ್ಲ. ಕಥೆಯ ಬೀಗದ ಕೈಯೇ ಸಂಗೀತ ಎಂದು ಹಿಡಿದವರು ಸಿನಿಮಾ ಬರಹಗಾರರು. ಈ ಚಿತ್ರದ ಸಂಗೀತದ ಹೊಣೆ ಹೊತ್ತಿದ್ದ ರಾಉಲ್ ಲಾವಿಸ್ತಾ (1913–1980) ಮುನ್ನೂರಕ್ಕೂ ಹೆಚ್ಚು ಚಿತ್ರಗಳಿಗೆ ದುಡಿದವನು. ಆಸ್ಕರ್ ನಾಮನಿರ್ದೇಶನ ಪಡೆದ ‘ಮಕಾರಿಯೊ’ (1960) ಕೂಡ ಅವುಗಳಲ್ಲೊಂದು. ಸಂಗೀತ ಪತ್ರಿಕೆಗಳಲ್ಲಿ ಅವನಿಗೆ ಸಿಕ್ಕ ಜಾಗ ಇದಕ್ಕೆ ತಕ್ಕುದಲ್ಲ.

ಗಾರ್ಸಿಯಾ ಅಸ್ಕೋಟ್

ಹೋಮಿ ಗಾರ್ಸಿಯಾ ಅಸ್ಕೋಟ್ ಹುಟ್ಟಿದ್ದು ಟ್ಯುನಿಸ್‌ನಲ್ಲಿ. ತಂದೆ ಸ್ಪೇನಿನ ರಾಜತಾಂತ್ರಿಕ. ಅಂತರ್ಯುದ್ಧದ ನಂತರ ಕುಟುಂಬ ಮೆಕ್ಸಿಕೋ ಸೇರಿತು. ಕವಿ, ನಿರ್ದೇಶಕ. ಎಮಿಲಿಯೊ ಗಾರ್ಸಿಯಾ ರಿಯೆರಾ, ಸಾಲ್ವಾದೊರ್ ಎಲಿಸೊಂದೊ ಮೊದಲಾದವರ ಜೊತೆ 1961ರಲ್ಲಿ ‘ನುಯೆವೊ ಸೀನೆ’ ಗುಂಪು ಕಟ್ಟಿದವರಲ್ಲಿ ಒಬ್ಬ. ಹಾಡು, ಕುದುರೆ, ಕಣ್ಣೀರುಗಳ ಸ್ಟುಡಿಯೋ ಚಿತ್ರಗಳಿಗೆ ಪರ್ಯಾಯ ಬೇಕೆಂದು ವಾದಿಸಿದ ಗುಂಪು ಅದು. ವಾದಕ್ಕೆ ಸಾಕ್ಷಿಯಾಗಿ ಅವನು ‘ಎನ್ ಎಲ್ ಬಾಲ್ಕೊನ್ ವಾಸಿಯೊ’ (ಖಾಲಿ ಬಾಲ್ಕನಿಯಲ್ಲಿ) ಎಂಬ ಚಿತ್ರವನ್ನು ಹೆಂಡತಿ ಮರಿಯಾ ಲೂಯಿಸಾ ಎಲಿಯೊಳ ಬರಹವನ್ನು ಆಧರಿಸಿ ಹದಿನಾರು ಮಿಲಿಮೀಟರ್ ರೀಲಿನಲ್ಲಿ, ಗೆಳೆಯರನ್ನು ಕಟ್ಟಿಕೊಂಡು, ವಾರಾಂತ್ಯಗಳಲ್ಲಿ ತೆಗೆದ. ಅಂತರ್ಯುದ್ಧದಲ್ಲಿ ಮನೆ ಕಳೆದುಕೊಂಡ ಹುಡುಗಿಯೊಬ್ಬಳ ನೆನಪುಗಳ ಈ ಚಿತ್ರಕ್ಕೆ ಲೊಕಾರ್ನೊ ಉತ್ಸವದಲ್ಲಿ ವಿಮರ್ಶಕರ ಬಹುಮಾನ ಬಂತು. ಗಾಬ್ರಿಯೆಲ್ ಗಾರ್ಸಿಯಾ ಮಾರ್ಕೆಸ್ ‘ನೂರು ವರ್ಷಗಳ ಏಕಾಂತ’ವನ್ನು ಅರ್ಪಿಸಿರುವುದು ಈ ದಂಪತಿಗಳಿಗೇ. ಅವರ ಹೆಸರು ಇಂದು ಹೆಚ್ಚಿನ ಓದುಗರಿಗೆ ತಿಳಿದಿರುವುದು ಆ ಒಂದು ಸಾಲಿನಿಂದ ಎನ್ನುವುದು ಬೇಸರದ ಸಂಗತಿ.

1982ರಲ್ಲಿ ಬಂದ ಅವನ ಸಂಗೀತ ಬರಹಗಳ ಸಂಕಲನ ‘ಕೊನ್ ಲಾ ಮೂಸಿಕಾ ಪೊರ್ ದೆಂತ್ರೊ’, ಅಂದರೆ ಒಳಗೆ ಸಂಗೀತವಿಟ್ಟುಕೊಂಡು, ಕೇಳುಗನ ಕಡೆಯಿಂದ ಬರೆದ ಪುಸ್ತಕ. ವೃತ್ತಿಪರ ಸಂಗೀತಗಾರನಲ್ಲದವನು ಬರೆಯುವಾಗ ಸ್ವರಲಿಪಿಯ ಪಾಂಡಿತ್ಯವನ್ನು ನಟಿಸುವ ಚಟ ಇರುತ್ತದೆ. ಅವನಿಗೆ ಅದಿಲ್ಲ. ನಿರ್ದೇಶಕನಾಗಿ ಮಾಡಿದ್ದು ಒಂದೆರಡು ಪೂರ್ಣ ಚಿತ್ರಗಳು ಮಾತ್ರ. ಸಂಗೀತ ಬರಹವನ್ನು ಅವನ ಸಿನಿಮಾ ಬದುಕಿನ ಅಡಿಟಿಪ್ಪಣಿಯೆಂದು ತಳ್ಳದೆ ಅದರ ಮುಂದುವರಿಕೆಯೆಂದು ಓದುವುದು ಸರಿ.

ಬ್ರೆನ್ನನ್ ಮತ್ತು ಸಭಾಂಗಣದ ಟಿಪ್ಪಣಿ

1960ರಿಂದ 1980ರ ನಡುವಿನ ಎರಡು ದಶಕಗಳಲ್ಲಿ ಮೆಕ್ಸಿಕೋ ನಗರದಲ್ಲಿ ಸಿನಿಮಾಕ್ಕೂ ಸಂಗೀತಕ್ಕೂ ಒಟ್ಟೊಟ್ಟಿಗೆ ಮನೆ ಕಟ್ಟಲಾಯಿತು. ರಾಷ್ಟ್ರೀಯ ವಿಶ್ವವಿದ್ಯಾಲಯ 1960ರಲ್ಲಿ ಚಿತ್ರ ಭಂಡಾರವನ್ನೂ 1963ರಲ್ಲಿ ಸಿನಿಮಾ ಶಾಲೆಯನ್ನೂ ತೆರೆಯಿತು. 1975ರಲ್ಲಿ ಸರ್ಕಾರ ಇನ್ನೊಂದು ಸಿನಿಮಾ ತರಬೇತಿ ಕೇಂದ್ರ ಸ್ಥಾಪಿಸಿತು. ಅತ್ತ ಸಂಗೀತದಲ್ಲಿ ಎಸ್ಪೆರಾನ್ಸಾ ಪುಲೀದೊ 1968ರಲ್ಲಿ ‘ಎತೆರೊಫೋನಿಯಾ’ ಪತ್ರಿಕೆ ಆರಂಭಿಸಿದಳು. 1974ರಲ್ಲಿ ಸಂಗೀತ ಸಂಶೋಧನೆಯ ರಾಷ್ಟ್ರೀಯ ಕೇಂದ್ರ ಬಂತು. 1976ರ ಕೊನೆಯಲ್ಲಿ ವಿಶ್ವವಿದ್ಯಾಲಯದ ಆವರಣದಲ್ಲಿ ನೆಸಾವಾಲ್ಕೊಯೋತ್ಲ್ ಸಭಾಂಗಣ ಬಾಗಿಲು ತೆರೆಯಿತು. ಪ್ರೇಕ್ಷಕರು ವಾದ್ಯವೃಂದವನ್ನು ಸುತ್ತುವರಿದು ಕೂರುವ ಈ ಸಭಾಂಗಣದಲ್ಲಿ ತಾಳವಾದ್ಯಗಾರನ ಬೆನ್ನ ಹಿಂದಿನಿಂದಲೂ ಸಂಗೀತ ನೋಡಬಹುದು. ಸಂಯೋಜಕ ಮಾರಿಯೊ ಲಾವಿಸ್ತಾ (1943–2021) 1982ರಲ್ಲಿ ‘ಪಾಉತಾ’ ಎಂಬ ಪತ್ರಿಕೆ ಸ್ಥಾಪಿಸಿ ಸಾಹಿತಿಗಳನ್ನೂ ಸಂಗೀತಗಾರರನ್ನೂ ಒಂದೇ ಪುಟಕ್ಕೆ ತಂದ. ‘ಕಬೆಸಾ ದೆ ವಾಕಾ’ (1991) ಚಿತ್ರದ ಸಂಗೀತವೂ ಅವನದೇ.

ಸಿನಿಮಾ ಓದಿದ ಹುಡುಗನೊಬ್ಬ ಸಂಗೀತ ವಿಮರ್ಶಕನಾಗಲು ಈ ವಾತಾವರಣ ಅನುಕೂಲವಾಗಿತ್ತು. ಹ್ವಾನ್ ಆರ್ತುರೋ ಬ್ರೆನ್ನನ್ ಅವರ ಹೆಸರು ಎರಡು ಕಡೆ ನೆಲೆಯೂರಿತು. ಒಂದು, 1984ರಲ್ಲಿ ಸ್ಥಾಪನೆಯಾದ ‘ಲಾ ಹೋರ್ನಾದಾ’ ಪತ್ರಿಕೆಯ ಸಂಸ್ಕೃತಿ ಪುಟ. ಇನ್ನೊಂದು, 1936ರಷ್ಟು ಹಳೆಯದಾದ ವಿಶ್ವವಿದ್ಯಾಲಯದ ಫಿಲ್ಹಾರ್ಮೋನಿಕ್ ವಾದ್ಯವೃಂದದ ಕಾರ್ಯಕ್ರಮ ಟಿಪ್ಪಣಿಗಳು. 1988ರಲ್ಲಿ ಬಂದ ಅವರ ‘ಕೋಮೊ ಅಸೆರ್ಕಾರ್ಸೆ ಆ ಲಾ ಮೂಸಿಕಾ’ ಸಂಗೀತದ ಹತ್ತಿರ ಹೋಗುವುದು ಹೇಗೆಂದು ಸಾಮಾನ್ಯ ಓದುಗನಿಗೆ ಹೇಳುವ ಕೈಪಿಡಿ.

ಕಾರ್ಯಕ್ರಮ ಟಿಪ್ಪಣಿಯನ್ನು ವಿಮರ್ಶೆಯ ಚರಿತ್ರೆಕಾರರು ಲೆಕ್ಕಕ್ಕೆ ಹಿಡಿಯುವುದಿಲ್ಲ. ಇದು ತಪ್ಪು. ಅಂಕಣವನ್ನು ಮರುದಿನ ಮನ ಬಂದವರು ಓದುತ್ತಾರೆ. ಟಿಪ್ಪಣಿಯನ್ನು ದೀಪ ಆರುವ ಮುಂಚಿನ ಹತ್ತು ನಿಮಿಷದಲ್ಲಿ, ಮುಂದೇನು ಕೇಳಲಿದ್ದೇನೆಂದು ತಿಳಿಯದ ವಿದ್ಯಾರ್ಥಿಯೂ ಓದುತ್ತಾನೆ. ಬರೆಯುವವನಿಗೆ ಎರಡು ಕಟ್ಟುಪಾಡು: ಜಾಗ ಚಿಕ್ಕದು, ಮತ್ತು ಸಂಗೀತ ಇನ್ನೂ ಕೇಳಿಸಿಲ್ಲ. ಯಾವ ವಿವರ ಮೊದಲು, ಯಾವುದನ್ನು ಮರೆಮಾಡಿ ಕಾಯಿಸಬೇಕು, ಎಲ್ಲಿ ಕತ್ತರಿಸಬೇಕು ಎಂಬ ಲೆಕ್ಕಾಚಾರ ಚಿತ್ರಕಥೆ ಬರೆಯುವವನದೂ ಹೌದು. ವಾರದಿಂದ ವಾರಕ್ಕೆ ನಡೆಯುವ ಈ ಕೆಲಸವನ್ನು ದಶಕಗಳ ಕಾಲ ಒಬ್ಬ ವಿಮರ್ಶಕ ಮಾಡಿದಾಗ ಒಂದು ನಗರದ ಕೇಳುಗರ ಕಿವಿಯನ್ನೇ ಅವನು ತಿದ್ದಿರುತ್ತಾನೆ.

ಬ್ರೆನ್ನನ್ ಅವರಿಗೆ ಹೋಲಿಸಿ ನೋಡಬೇಕಾದವನು ಹೋಸೆ ಆಂತೊನಿಯೊ ಅಲ್ಕಾರಾಸ್ (1938–2001). ಸಂಯೋಜಕ, ರಂಗಕರ್ಮಿ, ‘ಪ್ರೊಸೆಸೊ’ ವಾರಪತ್ರಿಕೆಯ ವಿಮರ್ಶಕ. ನಾಲಿಗೆ ಹರಿತ, ಇಷ್ಟ–ಅನಿಷ್ಟಗಳು ಬಹಿರಂಗ. ರಂಗಭೂಮಿಯಿಂದ ಬಂದ ಅಲ್ಕಾರಾಸ್ ಬರಹದಲ್ಲಿ ತಾನೇ ಒಂದು ಪಾತ್ರವಾಗಿ ನಿಲ್ಲುತ್ತಿದ್ದ. ಸಿನಿಮಾದಿಂದ ಬಂದ ವಿಮರ್ಶಕನಿಗೆ ಕ್ಯಾಮೆರಾದ ಹಿಂದೆ ನಿಲ್ಲುವ ಅಭ್ಯಾಸ. ರಂಜನೆಗೆ ಮೊದಲನೆಯವನು, ನಂಬಿಕೆಗೆ ಎರಡನೆಯವನು ಎಂದರೆ ತೀರಾ ಸರಳವಾದೀತಾದರೂ ಸುಳ್ಳಾಗದು. ಹಾಡಿನ ಚಿತ್ರಗಳನ್ನು ಸಂಗೀತ ಚರಿತ್ರೆಯ ಒಳಕ್ಕೆ ತಂದ ಕೀರ್ತಿ ಮಾತ್ರ ಇವರಿಬ್ಬರಿಗೂ ಅಲ್ಲ, ಪಿಯಾನೋ ವಾದಕಿ ಯೊಲಾಂದಾ ಮೊರೆನೊ ರೀವಾಸ್‌ಗೆ ಸಲ್ಲಬೇಕು. 1979ರಲ್ಲಿ ಬಂದ ಅವಳ ಮೆಕ್ಸಿಕೋ ಜನಪ್ರಿಯ ಸಂಗೀತದ ಚರಿತ್ರೆ ಲಾರಾನಂಥವರನ್ನು ಮೂಗು ಮುರಿಯದೆ ಓದಿತು.

ಇತ್ತೀಚಿನದು

ಆಲ್ಫೊನ್ಸೊ ಕುವಾರೋನ್‌ನ ‘ರೋಮಾ’ (2018) ಚಿತ್ರದಲ್ಲಿ ಹಿನ್ನೆಲೆ ಸಂಗೀತವೇ ಇಲ್ಲ. ಗೆಣಸು ಮಾರುವವನ ಗಾಡಿಯ ಆವಿ ಸೀಟಿ, ಚಾಕು ಸಾಣೆ ಹಿಡಿಯುವವನ ಕೊಳಲು, ರೇಡಿಯೋದ ಹಾಡು, ಬೀದಿಯಲ್ಲಿ ಹೋಗುವ ಬ್ಯಾಂಡು ಇವಿಷ್ಟೇ 1970ರ ದಶಕದ ಆರಂಭದ ಮೆಕ್ಸಿಕೋ ನಗರವನ್ನು ಕಟ್ಟಿಕೊಡುತ್ತವೆ. ಸಂಯೋಜಕನಿಲ್ಲದ ಇಂಥ ಚಿತ್ರವನ್ನು ಸಂಗೀತ ವಿಮರ್ಶಕ ಬರೆಯಬೇಕೆ, ಸಿನಿಮಾ ವಿಮರ್ಶಕ ಬರೆಯಬೇಕೆ ಎಂಬ ಪ್ರಶ್ನೆ ಎರಡೂ ಬಲ್ಲವರಿಗೆ ಏಳುವುದಿಲ್ಲ.

ಈ ವಿಷಯಕ್ಕೆ ಹೊಸದಾಗಿ ಬರುವ ಓದುಗರು ಪುಸ್ತಕಗಳಿಂದ ಆರಂಭಿಸದಿರುವುದು ಒಳ್ಳೆಯದು. ಮೊದಲು ಪುನರುದ್ಧಾರಗೊಂಡ ‘ರೇದೆಸ್’ ಚಿತ್ರವನ್ನು ನೋಡಬೇಕು, ಅನಂತರ ಕ್ಲೈಬರನ ಮಾಲಿಕೆಯನ್ನು ಕೇಳಬೇಕು. ಎರಡರ ನಡುವೆ ಏನು ಬಿಟ್ಟುಹೋಗಿದೆ, ಏನು ಸೇರಿಕೊಂಡಿದೆ ಎಂಬುದನ್ನು ಸ್ವಂತ ಕಿವಿಯಿಂದ ಗುರುತು ಹಾಕಿಕೊಂಡ ಮೇಲೆ ‘ಮಾಯಾ ರಾತ್ರಿ’ಯ ಧ್ವನಿಮುದ್ರಿಕೆ ಹಾಕಿಕೊಳ್ಳಬಹುದು. ಅದರ ಹೊದಿಕೆಯಲ್ಲಿ ಲಿಮಾಂತೂರನ ಹೆಸರು ಇದೆಯೇ ಎಂದು ಒಮ್ಮೆ ನೋಡಿಕೊಳ್ಳಿ.